ಗೋಮಿಬಾಯಿಯ ಗ್ಯಾಂಗ್

ಮುಂಡಗೋಡದ ಕಡೆಯ ತಾಂಡಾದಿಂದ ಹೊರಟ ಟೆಂಪೊ ಗದ್ದೆಯ ಹತ್ತಿರ ನಿಲ್ಲುವ ಮೊದಲೇ ಗೋಮಿಬಾಯಿಯ ಕೂಗು ಕೇಳುತ್ತದೆ: "ಗ್ಯಾಂಗ್ ಬಂತ್ರೀ!" ಭತ್ತದ ಸಸಿ ಹಚ್ಚುವ ಹೆಂಗಸರ ಗುಂಪಿಗೆ ಆಕೆಯೇ ಮುಂದಾಳು. ಇಂಗ್ಲಿಷ್ ಶಬ್ದಗಳನ್ನೂ ಆಕೆ ಕೂಲಿಗೆ ಹಚ್ಚಿದ್ದಾಳೆ. ಎಲೆ-ಅಡಿಕೆಗೆ ಕೂತರೆ ಅದು ಬ್ರೇಕ್, ಚಹಾ ಕುಡಿದರೆ ಚಾರ್ಜ್, ಬಾಯಿ ನಿಲ್ಲಿಸದ ಈರಕ್ಕನಿಗೆ "ಸ್ವಲ್ಪ ಆಫ್ ಆಗವ್ವ." ಸಸಿಗಳ ನಡುವೆ ಜಾಗ ಹೆಚ್ಚಾದರಂತೂ ಆಕೆಯ ಸಿಟ್ಟು ಪಕ್ಕದ ಗದ್ದೆಗೂ ಕೇಳಿಸುತ್ತದೆ: "ಗ್ಯಾಪ್! ಗ್ಯಾಪ್! ಅಲ್ಲಿ ಎಮ್ಮಿ ಮಲಗ್ತೈತಿ!" ಗ್ಯಾಂಗಿನಲ್ಲೇ ಸಸಿ ಹಚ್ಚುವ ಸೊಸೆ ಸುಮನ ಒಮ್ಮೆ ಡಿಕ್ಷನರಿ ತೆರೆದು, "ಅತ್ತಿ, ಗ್ಯಾಂಗ್ ಅಂದ್ರ ಕಳ್ಳರ ಟೋಳಿ ಅಂತನೂ ಐತಿ," ಎಂದಳು. "ಅದನ್ನ ಬರದಾಂವ ನಮ್ಮ ಗದ್ದಿಗೆ ಬಂದಿಲ್ಲ ಬಿಡು," ಎಂದು ಗೋಮಿಬಾಯಿ ಆ ವಿಷಯ ಮುಗಿಸಿದಳು. ಇಂಗ್ಲಿಷಿನಲ್ಲಿ ಫೇಲಾಗಿ ಹತ್ತನೆಯ ತರಗತಿಗೇ ಶಾಲೆ ಬಿಟ್ಟಿದ್ದ ಸುಮನ ಈ ಸಲ ಮತ್ತೆ ಪರೀಕ್ಷೆ ಕಟ್ಟಿದಳು, ಅದೂ ನಾಟಿಯ ಹಂಗಾಮಿನಲ್ಲೇ. ಪರೀಕ್ಷೆಯ ದಿನ ಗದ್ದೆಗಿಳಿದ ಹೆಂಗಸರ ನಡುವೆ ಒಬ್ಬಳು ನಿಲ್ಲುವಷ್ಟು ಜಾಗ ಖಾಲಿ ಇತ್ತು. ಗದ್ದೆಯ ಒಡೆಯ ರುದ್ರೇಶ, "ಏನವಾ, ಇವತ್ತ ನೀನ ಗ್ಯಾಪ್ ಬಿಟ್ಟೀಯಲ್ಲ?" ಎಂದ. "ಸೊಸಿ ಪರೀಕ್ಷಾ ಬರ್ಯಾಕ ಹೋಗ್ಯಾಳ್ರೀ. ಆಕಿ ಸಾಲು ನಾವು ಹಚ್ಚತೇವಿ," ಎಂದ ಗೋಮಿಬಾಯಿ ಕೈ ಚಾಚಿ ಅಲ್ಲೊಂದು ಸಸಿ ಊರಿದಳು. ಆಚೆಯಿಂದ ಈರಕ್ಕನ ಕೈಯೂ ಬಂತು. ಜ್ವರ ಬಂದವಳ ಸಾಲನ್ನು, ಬಾಣಂತಿಯ ಸಾಲನ್ನು ಅಕ್ಕಪಕ್ಕದವರು ಹಚ್ಚುವುದು ಈ ಗ್ಯಾಂಗಿನ ಹಳೆಯ ರೂಢಿ. ಪರೀಕ್ಷೆಗೆ ಹೋದವಳ ಸಾಲು ಹಚ್ಚಿದ್ದು ಅಂದೇ ಮೊದಲು. ಸಂಜೆ ನೋಡಿದರೆ, ಇಡೀ ಗದ್ದೆಯಲ್ಲಿ ಎಲ್ಲಕ್ಕಿಂತ ನೆಟ್ಟಗಿದ್ದದ್ದು ಸುಮನಳ ಸಾಲೇ.