ಬೀಗ ಹಾಕಿದ ಮನೆಯೊಳಗೆ ನಾನು

ಗೆಳತಿಯರೇ, ಇವತ್ತು ಮಧ್ಯಾಹ್ನ ಪೊಲೀಸರು ನನ್ನನ್ನು ನನ್ನದೇ ಮನೆಯಲ್ಲಿ ಹಿಡಿದರು.

ಖಾನಾಪುರದ ತವರಿಗೆ ಹೋಗುವಾಗ, ಸದಾಶಿವನಗರದ ನಮ್ಮ ಮನೆಗೆ ಬೀಗ ಹಾಕಿದ್ದೇವೆ, ಸ್ವಲ್ಪ ಕಣ್ಣಿಡಿ ಎಂದು ಠಾಣೆಗೆ ತಿಳಿಸಿದ್ದೆ. ನಿನ್ನೆಯೇ ಮರಳಿ ಬಂದೆ, ಅದನ್ನು ತಿಳಿಸಲು ಮರೆತೆ. ಕೂಸು ರಾತ್ರಿಯಿಡೀ ಎಚ್ಚರವಿದ್ದರೆ ತಾಯಿಗೆ ತನ್ನ ಹೆಸರೂ ನೆನಪಿರುವುದಿಲ್ಲ. ಮೇಲಾಗಿ, ಹಗಲು ಅದು ಮಲಗಿದಾಗ ಯಾರೂ ಬೆಲ್ ಒತ್ತಬಾರದೆಂದು ನಾನು ಮುಂಬಾಗಿಲಿಗೆ ಹೊರಗಿನಿಂದ ಬೀಗ ಜಡಿದು, ಹಿತ್ತಲಿನಿಂದ ಒಳಗೆ ಬರುತ್ತೇನೆ.

ಇವತ್ತು ಕೂಸು ಆಗಷ್ಟೇ ಕಣ್ಣು ಮುಚ್ಚಿತ್ತು. ಕಿಟಕಿಯಲ್ಲಿ ಖಾಕಿ ಅಂಗಿ ಕಂಡಿತು.

“ಒಳಗ ಯಾರ್ರೀ? ಹೊರಗ ಬರ್ರಿ!”

“ಮೆಲ್ಲಕ ಮಾತಾಡ್ರಿ ಸರ್, ಕೂಸು ಮಲಗೇತಿ. ಇದು ನಮ್ಮ ಮನೀನ ರೀ.”

“ಮತ್ತ ಕೀಲಿ ಯಾರು ಹಾಕ್ಯಾರ?”

“ನಾನ ಹಾಕೇನ್ರಿ.”

“ಹೊರಗ ಕೀಲಿ ಹಾಕಿ ಒಳಗ ಕುಂತೀರಿ? ನನ್ನ ಸರ್ವೀಸಿನ್ಯಾಗ ಕಳ್ಳರೂ ಹಿಂಗ ಮಾಡಿಲ್ರಿ!”

ಗದ್ದಲ ಕೇಳಿ, ನಾವೆಲ್ಲ ಕಾಕು ಎಂದು ಕರೆಯುವ ಬಾಜು ಮನೆಯ ಹಿರಿಯಾಕೆ ಓಡಿ ಬಂದರು. “ಇಕಿ ಮನಿಯಾಕೀನ ರೀ ಸಾಹೇಬ್ರ” ಎಂದು ಸಾಕ್ಷಿ ಹೇಳಿದರು. ಮರುಕ್ಷಣ ನನ್ನತ್ತ ತಿರುಗಿದರು.

“ಅಂದ್ರ ನಿನ್ನಿ ನಾ ಕೂಸಿನ್ನ ನೋಡಾಕ ಬಂದು, ಕೀಲಿ ನೋಡಿ ಹೊಳ್ಳಿ ಹೋದಾಗ ನೀ ಒಳಗ ಇದ್ದಿ? ಖರೇ ಹೇಳು.”

ಪೊಲೀಸರ ಎದುರು ಸುಳ್ಳು ಹೇಳುವುದು ಹೇಗೆ? ಹೌದೆಂದು ಒಪ್ಪಿಕೊಂಡೆ. ಪೊಲೀಸರು ನಗುತ್ತಾ ಹೊರಟುಹೋದರು. ಕಾಕು ಒಳಗೆ ಬಂದು ಕುಳಿತರು. ಕೂಸು ಎದ್ದಿತು.

ಕಳ್ಳರಿಂದ ಮನೆ ಕಾಯಲು ಪೊಲೀಸರಿದ್ದಾರೆ. ಕೂಸು ನೋಡಲು ಬರುವವರಿಂದ ಕಾಯಲು ಯಾವ ನಂಬರಿಗೆ ಫೋನ್ ಮಾಡಬೇಕು, ಯಾರಿಗಾದರೂ ಗೊತ್ತೇ?