ಹೈಸ್ಕೂಲಿನ ದಾರಿಯಲ್ಲಿ ಯಲ್ಲವ್ವತ್ತಿಯ ಆಡುಗಳು

ಆಗೆಲ್ಲ ನಮ್ಮೂರಿನ ಹುಡುಗಿಯರ ಓದು ಏಳನೇ ತರಗತಿಗೆ ಮುಗಿಯುತ್ತಿತ್ತು. ಖಾನಾಪುರ ತಾಲೂಕಿನಲ್ಲಿ, ಹಲಸಿಯಿಂದ ಐದು ಕಿಲೋಮೀಟರ್ ಒಳಗಿರುವ ಸಣ್ಣ ಊರು ನಮ್ಮದು. ಎರಡು ಸಾವಿರದ ಇಸವಿಯ ಆಸುಪಾಸಿನ ಮಾತು. ಪರೀಕ್ಷೆ ಮುಗಿದ ವಾರದಲ್ಲೇ ಪಾಟಿಚೀಲದೊಳಗೆ ಪುಸ್ತಕದ ಬದಲು ಹೊಲಕ್ಕೆ ಒಯ್ಯುವ ರೊಟ್ಟಿ ಗಂಟು ಸೇರುತ್ತಿತ್ತು. ಹುಡುಗರು ಸೈಕಲ್ ಹತ್ತಿ ಹಲಸಿಯ ಹೈಸ್ಕೂಲಿಗೆ ಹೋಗುತ್ತಿದ್ದರು. ಹುಡುಗಿಯೊಬ್ಬಳು ಹೋದದ್ದನ್ನು ಊರಲ್ಲಿ ಯಾರೂ ಕಂಡಿರಲಿಲ್ಲ.

ಆ ಬೇಸಿಗೆಯಲ್ಲಿ ಏಳನೇತ್ತ ಪಾಸಾದವರು ನಾವು ಮೂವರು. ನಾನು, ಹಿಟ್ಟಿನ ಗಿರಣಿಯ ಶಿವಪ್ಪನವರ ಮಗಳು ಸುವರ್ಣಾ, ಮತ್ತು ನಮ್ಮ ಬಾಜೂಮನೆಯ ಮಂದಾ. ಮಂದಾಳ ಮನೆಯಲ್ಲಿ ಮರಾಠಿ, ನಮ್ಮೊಂದಿಗೆ ಕನ್ನಡ, ಜಗಳ ಮಾತ್ರ ಎರಡರಲ್ಲೂ. ದಿನವಿಡೀ ಕವಳಿ ಹಣ್ಣು ತಿಂದು, ಅದರ ಹಾಲು ತುಟಿಗೆ ಅಂಟಿಸಿಕೊಂಡು, ಕಟ್ಟೆಯ ಮೇಲೆ ಹರಳಾಟ ಆಡುತ್ತಿದ್ದೆವು. ಒಂದು ಸಂಜೆ ನಮ್ಮ ಸಾಲಿಯ ಮಾಸ್ತರರು ಮನೆಗೆ ಬಂದರು.

"ಹುಡುಗಿ ಶಾಣ್ಯಾ ಅದಾಳ. ಹತ್ತನೇತ್ತದ ತನಕಾದ್ರೂ ಓದಸ್ರಿ" ಎಂದರು ಅಪ್ಪನಿಗೆ.

"ಓದಸಬಾರ್ದಂತ ಅಲ್ರೀ ಸರ. ನಡುವ ಅಡವಿ ಐತಿ, ಕರಡಿ ಅದಾವು. ಮಳಿಗಾಲಕ್ಕ ಹಳ್ಳ ಬರತೈತಿ. ದಿನಾ ಯಾರ ಕರಕೊಂಡ ಹೋಗವ್ರು?"

ಹಿತ್ತಲ ಬಾಗಿಲಲ್ಲಿ ಕೂತು ಆಡಿನ ಮರಿಗೆ ಸೊಪ್ಪು-ತಪ್ಪಲು ತಿನ್ನಿಸುತ್ತಿದ್ದ ಯಲ್ಲವ್ವತ್ತಿ, "ನಾ ಹೊಕ್ಕೇನಿ" ಅಂದಳು. ಆಕೆ ಅಪ್ಪನ ಅಕ್ಕ. ಗಂಡ ತೀರಿಕೊಂಡ ಮೇಲೆ ತನ್ನ ಆಡುಗಳನ್ನು ಹೊಡೆದುಕೊಂಡು ತವರಿಗೆ ಬಂದವಳು. ಸಾಲಿಯ ಹೊಸ್ತಿಲು ತುಳಿದವಳಲ್ಲ.

"ಅಲ್ಲಕ್ಕಾ, ನಿನ್ನ ಆಡ?"

"ಅವೂ ಬರ್ತಾವು. ಹಲಸಿ ಕಡೆ ತಪ್ಪಲ ಇಲ್ಲೇನು?"

ಮಾಸ್ತರರು ಆ ಕ್ಷಣವನ್ನು ಬಿಡದೆ, ನಾಳೆಯೇ ದಾಖಲೆ ಬರೆದುಕೊಡುತ್ತೇನೆಂದು ಎದ್ದರು. ಅತ್ತಿ ಬರುತ್ತಾಳೆಂದ ಮೇಲೆ ಸುವರ್ಣಾಳ ಮನೆಯವರೂ ಮಂದಾಳ ಮನೆಯವರೂ ಒಪ್ಪಿದರು.

ಜೂನ್ ತಿಂಗಳಲ್ಲಿ ನಮ್ಮ ದಿಂಡಿ ಮೆರವಣಿಗೆ ಹೊರಟಿತು. ಮುಂದೆ ಹನ್ನೊಂದು ಆಡು, ನಡುವೆ ನೀಲಿ ಲಂಗದ ಮೂವರು ಹುಡುಗಿಯರು, ಹಿಂದೆ ಕೋಲು ಹಿಡಿದ ಅತ್ತಿ. ನಾವು ಕ್ಲಾಸಿನಲ್ಲಿ ಕೂತಿರುವಷ್ಟು ಹೊತ್ತೂ ಆಕೆ ಅಲ್ಲೇ ಸುತ್ತಮುತ್ತ ಆಡು ಮೇಯಿಸುತ್ತಿದ್ದಳು. ಮಳೆ ಬಂದರೆ ಕಂಬಳಿ ಹೊದ್ದು ಹೈಸ್ಕೂಲಿನ ಹತ್ತಿರದ ಹುಣಸೆ ಮರದ ಕೆಳಗೆ ನಿಲ್ಲುತ್ತಿದ್ದಳು. ಸಂಜೆ ಮರಳುವಾಗ ಅವತ್ತಿನ ಪಾಠವನ್ನೆಲ್ಲ ಆಕೆಗೆ ಒಪ್ಪಿಸಬೇಕು.

"ಭೂಮಿ ತಿರಗತೈತಿ ಅಂದ್ರ ನಮ್ಮ ತಲಿ ಯಾಕ ತಿರಗೂದಿಲ್ಲ?" ಎಂದು ಒಮ್ಮೆ ಕೇಳಿದಳು. ಮೂವರಿಗೂ ಗೊತ್ತಿರಲಿಲ್ಲ. ಮರುದಿನ ವಿಜ್ಞಾನದ ಸರ್ ಹತ್ತಿರ ಕೇಳಿಕೊಂಡು ಬಂದು ಹೇಳಿದೆವು. ಅತ್ತಿ ಅರ್ಧ ನಂಬಿದಳು. ಹೀಗೆ ಆಕೆಗೆ ತಿಳಿಯುವಂತೆ ಹೇಳಿ ಹೇಳಿಯೇ ಪಾಠ ನಮಗೆ ಬಾಯಿಪಾಠವಾಯಿತು.

ಆದರೆ ಒಂದು ಮಾತು ಹೇಳಲೇಬೇಕು. ನನಗೆ ಆಕೆಯಿಂದ ನಾಚಿಕೆಯಾಗುತ್ತಿತ್ತು. ನನ್ನ ಬೆಂಚಿನ ಹುಡುಗಿಯರು ಮೂಗು ಮುಚ್ಚಿಕೊಂಡು "ಆಡಿನ ವಾಸನಿ ಬರಾಕತ್ತೇತಿ" ಅನ್ನುತ್ತಿದ್ದರು. ಒಂದು ದಿನ ಹುಣಸೆ ಮರದ ಹತ್ತಿರ ನಾನು ತಿರುಗಿ ನಿಂತು, "ಅತ್ತಿ, ನೀ ಇಲ್ಲೇ ನಿಂದರು. ಗೇಟಿನ ತನಕ ಬರಬ್ಯಾಡ" ಎಂದೆ. ಆಕೆ ನನ್ನ ಮುಖವನ್ನೊಮ್ಮೆ ನೋಡಿ "ಹೂಂ" ಅಂದಳು. ಅಂದಿನಿಂದ ಆ ಮರ ದಾಟಿ ಮುಂದೆ ಬರಲಿಲ್ಲ.

ಜುಲೈನಲ್ಲಿ ಮಳೆ ಹಿಡಿಯಿತು. ಒಂದು ಬೆಳಿಗ್ಗೆ ಮೊಣಕಾಲುದ್ದ ಇದ್ದ ಹಳ್ಳ ಸಂಜೆಗೆ ಕೆಂಪಗೆ ಸೊಂಟದವರೆಗೆ ಬಂದಿತ್ತು. ಅತ್ತಿ ಸುವರ್ಣಾಳನ್ನು ದಾಟಿಸಿದಳು, ಮಂದಾಳನ್ನು ದಾಟಿಸಿದಳು. ಆಡುಗಳು ಒಂದರ ಹಿಂದೆ ಒಂದು ಈಜಿಕೊಂಡು ಹೋದವು. ಕೊನೆಗೆ ನನ್ನ ಕೈ ಹಿಡಿದು ನಡುನೀರಿಗೆ ಬಂದಾಗ ಹಿಂದೆ ಉಳಿದಿದ್ದ ಗಬ್ಬದ ಬಿಳಿ ಆಡು ಕಾಲು ಜಾರಿತು. ನಾಲ್ಕು ಮಾರು ದೂರದಲ್ಲೇ ಅದು ಒದರುತ್ತ ತೇಲಿಹೋಯಿತು. ಅತ್ತಿ ಆ ಕಡೆ ಒಮ್ಮೆ ನೋಡಿದಳು. ನನ್ನ ಕೈಯ ಬಿಗಿ ಮಾತ್ರ ಸಡಿಲವಾಗಲಿಲ್ಲ.

ಮನೆಯಲ್ಲಿ ಅಪ್ಪ ಎಲ್ಲ ಕೇಳಿ, "ಸಾಕ ಮಾಡ್ರಿ ಈ ಸಾಲಿ. ಇವತ್ತ ಆಡ ಹೋತು, ನಾಳೆ?" ಎಂದ.

ಅತ್ತಿ ಒದ್ದೆ ಸೆರಗು ಹಿಂಡುತ್ತಿದ್ದಳು. "ಹೋಗಿದ್ದು ನನ್ನ ಆಡು. ನಿನ್ನ ಮಗಳು ಮನ್ಯಾಗ ಅದಾಳಲ್ಲ. ಬಿಡಸೂ ಮಾತ ಆಡೂ ಬದ್ಲಿ ಹಳ್ಳಕ್ಕ ಒಂದ ಹಗ್ಗ ಕಟ್ಟಿ ಕೊಡು."

ಅಪ್ಪ ಎದ್ದು ಶಿವಪ್ಪನವರ ಗಿರಣಿಗೆ ಹೋದ. ಮರುದಿನ ಆತನೂ ಶಿವಪ್ಪನವರೂ ಮಂದಾಳ ಅಪ್ಪನೂ ಸೇರಿ, ಈ ದಂಡೆಯ ಮತ್ತಿ ಮರದಿಂದ ಆ ದಂಡೆಯ ಮರಕ್ಕೆ ದಪ್ಪ ಹಗ್ಗ ಬಿಗಿದರು. ತೀರಾ ನೀರು ಬಂದ ದಿನ ಮನೆಯಲ್ಲಿರುವುದೆಂದು ಮಾತಾಯಿತು. ಮೂರು ದಿನ ಬಿಟ್ಟು ನಾವು ಮತ್ತೆ ಹೊರಟೆವು, ಹತ್ತು ಆಡುಗಳೊಂದಿಗೆ.

ಹುಣಸೆ ಮರ ಬಂತು. ಅತ್ತಿ ತಾನಾಗಿಯೇ ನಿಂತಳು. ನಾನು ಆಕೆಯ ಕೈ ಹಿಡಿದೆ.

"ಯಾಕ?"

"ಬಾ, ಗೇಟಿನ ತನಕ ಬಾ."

ಗೇಟಿನಲ್ಲಿ ನನ್ನ ಬೆಂಚಿನ ಹುಡುಗಿಯರು ನಿಂತಿದ್ದರು. "ಇಕಿ ನಮ್ಮತ್ತಿ. ನಮ್ಮನ್ನ ದಿನಾ ಸಾಲಿಗೆ ಕರಕೊಂಡ ಬರಾಕಿ" ಎಂದೆ, ಬೇಕಾದದ್ದಕ್ಕಿಂತ ತುಸು ಗಟ್ಟಿಯಾಗಿಯೇ. ಯಾರೂ ಮೂಗು ಮುಚ್ಚಲಿಲ್ಲ. ಮುಚ್ಚಿದ್ದರೂ ನನಗೆ ಕಾಣುತ್ತಿರಲಿಲ್ಲ. ಅತ್ತಿ ಗೇಟಿನ ಕಂಬಿ ಹಿಡಿದು, ಸಾಲಾಗಿದ್ದ ಕೋಣೆಗಳನ್ನು ಬಹಳ ಹೊತ್ತು ನೋಡಿದಳು.

ಮುಂದಿನ ವರ್ಷ ನಾವು ಮೂವರು ಹೋಗಿ ಏಳು ಹುಡುಗಿಯರಾದೆವು. ಅದರ ಮುಂದಿನ ವರ್ಷ ಎಣಿಸುವುದನ್ನೇ ಬಿಟ್ಟೆವು. ಹತ್ತನೇ ತರಗತಿಯ ಫಲಿತಾಂಶದ ದಿನ ಅಪ್ಪ ಬೆಳಗಾವಿಯಿಂದ ಕುಂದಾ ತಂದ. ಅತ್ತಿ ಮನೆಮನೆಗೆ ಹಂಚುತ್ತ ಹೇಳಿದ್ದು ಒಂದೇ ಮಾತು: "ಮೂರ ಮಂದಿ ಹುಡಿಗ್ಯಾರು, ನಾ ಒಬ್ಬಾಕಿ. ನಾಕೂ ಮಂದಿ ಪಾಸು."

ಆಮೇಲೆ ನಾನು ಬೆಳಗಾವಿಗೆ ಬಂದು ನರ್ಸಿಂಗ್ ಕಲಿತೆ. ಈಗ ನೆಹರು ನಗರದಲ್ಲಿ ಕೆಲಸ, ಅನಗೋಳದಲ್ಲಿ ಮನೆ. ಸುವರ್ಣಾ ಪ್ರಾಥಮಿಕ ಶಾಲೆಯ ಶಿಕ್ಷಕಿ. ಮಂದಾ ಖಾನಾಪುರದಲ್ಲಿ ಹೊಲಿಗೆ ಅಂಗಡಿ ಇಟ್ಟಿದ್ದಾಳೆ. ಅತ್ತಿ ತೀರಿಕೊಂಡು ನಾಲ್ಕು ವರ್ಷವಾಯಿತು. ನಾವು ನಡೆದ ಕಾಲುದಾರಿ ಪೊದೆಯಲ್ಲಿ ಮುಚ್ಚಿಹೋಗಿದೆ.

ಕಳೆದ ಬಾರಿ ಊರಿಗೆ ಹೋದಾಗ ಬಸ್ ನಿಲ್ದಾಣದಲ್ಲಿ ಕಾಲೇಜಿಗೆ ಹೊರಟ ಹುಡುಗಿಯೊಬ್ಬಳು ಸಿಕ್ಕಳು. "ನೀವು ಯಾರ ಮನ್ಯಾವ್ರೀ?" ಎಂದಳು.

"ಯಲ್ಲವ್ವನ ಸೊಸಿ, ತಮ್ಮನ ಮಗಳು."

"ಯಾವ ಯಲ್ಲವ್ವರೀ?"

ಆ ಹೆಸರು ಗೊತ್ತಿಲ್ಲದ ಹುಡುಗಿ ನಮ್ಮೂರಲ್ಲಿ ಇರಬಹುದೆಂದು ನಾನು ಎಣಿಸಿರಲಿಲ್ಲ. ಬಸ್ಸು ಬರುವವರೆಗೂ ಎಲ್ಲ ಹೇಳಿದೆ. ಕಣ್ಣರಳಿಸಿ ಕೇಳಿದ ಅವಳು ಕೊನೆಗೆ, "ಖರೇ ಹೇಳ್ರಿ, ಏಳನೇತ್ತಕ್ಕ ಯಾಕ ಬಿಡಸ್ತಿದ್ರು?" ಎಂದಳು.

ಎಷ್ಟು ಬಗೆಯಲ್ಲಿ ಹೇಳಿದರೂ ಅದು ಅವಳಿಗೆ ಅರ್ಥವಾಗಲಿಲ್ಲ. ಅವಳು ಬಸ್ಸು ಹತ್ತಿ ಹೋದ ಮೇಲೆ ನಾನು ಅಲ್ಲೇ ಕೂತೆ. ಅತ್ತಿಯ ಹೆಸರು ಊರಿನ ಬಾಯಿಂದ ಹೋಯಿತಲ್ಲ ಎಂದು ಸಂಕಟವಾಯಿತು. ಓದು ಬಿಡಿಸುವುದೆಂದರೇನೆಂದೇ ಅರ್ಥವಾಗದಂಥ ಕಾಲವನ್ನು ಆ ಹುಡುಗಿಗೆ ತಂದುಕೊಟ್ಟವಳು ನಮ್ಮತ್ತಿಯೇ ಎಂದು, ಅದಕ್ಕಿಂತ ಹೆಚ್ಚಾಗಿ, ಎದೆ ಉಬ್ಬಿತು.