ಓಣಿಯ ಗೋಡೆ ಕೆಡವಿಸಿದ ದಿನ

ನ್ಯಾಮತಿಯ ನಮ್ಮ ಮನೆಯಿಂದ ರಸ್ತೆಗೆ ಬರಲು ಇದ್ದದ್ದು ಒಂದೇ ಓಣಿ. ಎಪ್ಪತ್ತರ ದಶಕದ ಆರಂಭದಲ್ಲಿ ಪಕ್ಕದ ಮನೆಯ ಗೊಬ್ಬರದ ವ್ಯಾಪಾರಿ ಓಣಿ ತನ್ನದೆಂದು ಅದರ ಬಾಯಿಗೆ ಇಟ್ಟಿಗೆ ಗೋಡೆ ಕಟ್ಟಿಸಿದ. ಅಪ್ಪ ದಾವೆ ಹೂಡಿದರು. ಮೂರು ವರ್ಷಕ್ಕೆ ತೀರ್ಪು ನಮ್ಮ ಕಡೆ ಆಯಿತು: ಗೋಡೆ ತೆಗೆಯಬೇಕು. ಅಪ್ಪ ಅವತ್ತು ಪೇಡೆ ತಂದು ಹಂಚಿದರು.

ಗೋಡೆ ಮಾತ್ರ ಬೀಳಲಿಲ್ಲ. ತೀರ್ಪಿನ ಜಾರಿಗೆ ಬೇರೆ ಅರ್ಜಿ ಹಾಕಬೇಕೆಂದರು ವಕೀಲರು. ನೋಟಿಸು ಹಿಡಿದು ಕೋರ್ಟಿನ ಅಮೀನ ಬಂದಾಗ ವ್ಯಾಪಾರಿಯ ಹೆಂಡತಿ ಬಾಗಿಲಲ್ಲಿ ನಿಂತು, "ಯಜಮಾನ್ರು ಚನ್ನಗಿರಿಗೆ ಹೋಗ್ಯಾರೆ, ಯಾವಾಗ ಬರ್ತಾರೋ ಗೊತ್ತಿಲ್ರೀ" ಅಂದಳು. ಒಳಗೆ ಅವನು ಕೆಮ್ಮುತ್ತಿದ್ದ. ಅಮೀನನಿಗೂ ಅದು ಕೇಳಿಸಿತು. ಆದರೂ "ಊರಲ್ಲಿಲ್ಲ" ಎಂದು ಬರೆದುಕೊಂಡು ಹೋದ. ಆಮೇಲೆ ಅಪೀಲು, ತಡೆಯಾಜ್ಞೆ, ಜಡ್ಜರ ವರ್ಗ. ಅಷ್ಟು ವರ್ಷವೂ ನಾವು ಹಿಂದಿನ ಮನೆಯವರ ದನದ ಕೊಟ್ಟಿಗೆ ದಾಟಿಯೇ ಹೊರಗೆ ಬರಬೇಕಿತ್ತು. ಊರಿನ ಶಾಲೆಯಲ್ಲಿ ಟೀಚರಾಗಿದ್ದ ನಾನು ದಿನಾ ಸಗಣಿ ತುಳಿದು, ಶಾಲೆಯ ನಲ್ಲಿಯಲ್ಲಿ ಕಾಲು ತೊಳೆದು ಕ್ಲಾಸಿಗೆ ಹೋಗುತ್ತಿದ್ದೆ.

ತೀರ್ಪಾಗಿ ಆರು ವರ್ಷಕ್ಕೆ ಅಪ್ಪ ತೀರಿಕೊಂಡರು. ಕೊಟ್ಟಿಗೆಯ ಬಾಗಿಲಲ್ಲಿ ಚಟ್ಟ ತಿರುಗಲಿಲ್ಲ. ಹೆಣ ಜಾರದಂತೆ ಹಗ್ಗ ಬಿಗಿದು, ಚಟ್ಟವನ್ನು ಓರೆ ಮಾಡಿ ದಾಟಿಸಿದರು. ವ್ಯಾಪಾರಿ ಮಾಳಿಗೆಯ ಕಿಟಕಿಯಲ್ಲಿ ನಿಂತು ನೋಡುತ್ತಿದ್ದ. ಅವನಿಗೂ ಒಂದು ದಿನ ಹೀಗೇ ಆಗಬೇಕು ಅಂದುಕೊಂಡೆ. ಅಷ್ಟರವರೆಗೆ ಕೋರ್ಟು ಅಪ್ಪನ ಕೆಲಸವಾಗಿತ್ತು. ಆಮೇಲೆ ನನ್ನದಾಯಿತು.

ಡಿಕ್ರಿ ಪಡೆದವರೇ ಸತ್ತದ್ದರಿಂದ ವಾರಸುದಾರರ ಹೆಸರು ಸೇರಿಸಬೇಕೆಂದು ಮತ್ತೆ ಎರಡು ವರ್ಷ ಹಿಡಿಯಿತು. ಪ್ರತಿ ವಾಯಿದೆಗೂ ರಜೆ ಹಾಕಿ ಹೋಗಿ, ಆ ವ್ಯಾಪಾರಿಯ ಎದುರಿಗೇ ಕಾಣುವಂತೆ ಕೂರುತ್ತಿದ್ದೆ.

ಕೊನೆಗೆ ವಾರಂಟು ಬಂತು. ಹೊಸ ಅಮೀನರು, "ಈ ವಾರದಾಗೆ ಯಾವತ್ತು ಬರಾಕೆ ಹೇಳ್ತೀರಿ, ಟೀಚರ್?" ಎಂದು ಕೇಳಿದರು. ಪಕ್ಕದ ಮನೆಯಲ್ಲಿ ಶುಕ್ರವಾರ ಮಗಳ ಮದುವೆಯೆಂದು ನನಗೆ ಗೊತ್ತಿತ್ತು. ಗುರುವಾರ ಬನ್ನಿ ಅಂದೆ.

ಆಳುಗಳು ಹಾರೆ ಹಿಡಿದು ಬಂದಾಗ ಗೋಡೆಗೆ ಒರಗಿಸಿ ಚಪ್ಪರ ಹಾಕಿದ್ದರು. ಮದುಮಗಳು ಅರಿಶಿನ ಹಚ್ಚಿದ ಕೈಯಲ್ಲೇ ಓಡಿ ಬಂದಳು. ನನ್ನ ಹತ್ತಿರವೇ ಅಕ್ಷರ ಕಲಿತವಳು.

"ಟೀಚರ್, ಎರಡು ದಿನ ತಡೀರಿ. ಸಂಜೆ ಜಗಳೂರಿಂದ ಬೀಗರು ಬರ್ತಾರೆ. ಅವರ ಮುಂದೆ ಹೆಂಗೆ ತಲೆ ಎತ್ತಾದು?"

"ತೀರ್ಪಾಗಿ ಎಂಟು ವರ್ಷ ತಡದೀನಿ. ಇನ್ನ ತಡಿಯಾಕೆ ಆಗಲ್ಲ."

ಅವಳಪ್ಪ ಕೈಮುಗಿದುಕೊಂಡು ಬಂದ. "ಮದುವೆ ಮುಗೀಲಿ, ನಾನೇ ಒಡೆಸ್ತೀನ್ರೀ."

"ನೀವು ಚನ್ನಗಿರಿಗೆ ಹೋಗಿಲ್ಲೇನು?" ಅಂದೆ.

ಅಮೀನರು ನನ್ನ ಮುಖ ನೋಡಿದರು. ನಾನು ತಲೆಯಾಡಿಸಿದೆ. ಗೋಡೆಯ ಜೊತೆಗೆ ಚಪ್ಪರದ ಒಂದು ಮೂಲೆಯೂ ಕುಸಿಯಿತು. ಇಟ್ಟಿಗೆಯ ಧೂಳು ಅಡುಗೆಯ ಹಂಡೆಗಳೊಳಗೆ ಬಿತ್ತು. ಬೀಗರು ಬಂದಿಳಿದಾಗ ಆ ಮನೆಯ ಹೆಂಗಸರು ಹಂಡೆ ಬೋರಲು ಹಾಕಿ ತಿಕ್ಕುತ್ತಿದ್ದರು. ನಾನು ಮೆಟ್ಟಿಲ ಮೇಲೆ ಕೂತು ಎಲ್ಲವನ್ನೂ ನೋಡಿದೆ. ಹಾಯೆನಿಸಿತು.

"ಆ ಹುಡುಗಿ ಏನು ಮಾಡಿತ್ತೇ?" ಎಂದು ಅಮ್ಮ ಕೇಳಿದಳು.

ಮದುವೆಯೇನೋ ನಡೆಯಿತು. ತವರಿಗೆ ಬಂದಾಗಲೆಲ್ಲ ಅವಳು ನನ್ನನ್ನು ಕಂಡರೆ ರಸ್ತೆಯ ಆಚೆ ಬದಿಗೆ ಹೋಗುತ್ತಿದ್ದಳು. ಒಂದು ಸಲ ಮಗುವನ್ನು ಎತ್ತಿಕೊಂಡು ಬರುತ್ತಿದ್ದಾಗ ನಾನೇ ಕರೆದೆ. ಕೇಳಿಸದವಳಂತೆ ನಡೆದುಬಿಟ್ಟಳು. ಅವಳ ಅಪ್ಪನೂ ನಾನೂ ಆಮೇಲೆ ಹಲವು ವರ್ಷ ಅದೇ ಓಣಿಯ ಬಾಯಲ್ಲಿ ಎದುರುಬದುರಾದೆವು. ಪ್ರತಿ ಸಲವೂ ದಾರಿ ಬಿಟ್ಟವನು ಅವನೇ.